ಶರ್ಮಿಳಾ ಹಾಕದ ಸಹಿ

ಜಾವಗಲ್‌ನ ಬ್ಯಾಂಕೊಂದರಲ್ಲಿ ಶರ್ಮಿಳಾ ಹತ್ತೊಂಬತ್ತು ವರ್ಷದಿಂದ ಕೃಷಿ ಅಧಿಕಾರಿ. ಸಾಲ ಪಡೆದಿದ್ದ ರೈತ ರೇವಣಸಿದ್ದಪ್ಪನ ರೋಗ ಬಿದ್ದಿದ್ದ ತೆಂಗಿನ ತೋಟವನ್ನು ತಾನೇ ಸುತ್ತಿ ನೋಡಿ, ಸಾಲ ತೀರಿಸಲು ಕಾಲಾವಕಾಶ ಕೊಡಬೇಕೆಂದು ವರದಿ ಬರೆದಿದ್ದಳು. ಹೊಸ ಮ್ಯಾನೇಜರ್ ಅದನ್ನು ಓದಲೇ ಇಲ್ಲ. ರೇವಣಸಿದ್ದಪ್ಪನ ಅರ್ಜಿಗೆ ಎಐ ಕೈಲಿ ಉತ್ತರ ಬರೆಸಿದ. "ನಿಮ್ಮ ಭತ್ತದ ಗದ್ದೆ ಚೆನ್ನಾಗಿರುವುದರಿಂದ ಕಾಲಾವಕಾಶ ಸಾಧ್ಯವಿಲ್ಲ" ಎಂದಿತ್ತು ಪತ್ರ.

"ಸರ್, ಅವ್ರಿಗೆ ಗದ್ದೇನೇ ಇಲ್ಲ. ಇರೋದು ತೆಂಗಿನ ತೋಟ."

"ಸಿಸ್ಟಮ್ ತಪ್ಪು ಹೇಳಲ್ಲ ಮೇಡಂ. ಸೈನ್ ಹಾಕಿ ಕಳಿಸಿ."

ಶರ್ಮಿಳಾ ಸಹಿಯ ಜಾಗದಲ್ಲಿ "ನಾನು ಕಣ್ಣಾರೆ ಕಂಡದ್ದು ಸಾಯುತ್ತಿರುವ ತೆಂಗು" ಎಂದು ಬರೆದು, ತನ್ನ ವರದಿಯ ಜೊತೆ ಹಾಸನದ ಮೇಲಧಿಕಾರಿಗಳಿಗೆ ಕಳಿಸಿದಳು.

ತಿಂಗಳಾದ ಮೇಲೆ ರೇವಣಸಿದ್ದಪ್ಪನಿಗೆ ಒಂದು ವರ್ಷದ ಅವಕಾಶ ಸಿಕ್ಕಿತು. ಮ್ಯಾನೇಜರ್ ಮಾತ್ರ ತಪ್ಪಾಯಿತೆನ್ನಲಿಲ್ಲ. ಮಧ್ಯಾಹ್ನ ಅವನೆದುರು ಕೂತು ಊಟ ಮಾಡುತ್ತಿದ್ದುದನ್ನು ಶರ್ಮಿಳಾ ಅವತ್ತಿನಿಂದಲೇ ನಿಲ್ಲಿಸಿದಳು.