ಅಪ್ಪನ ಕನ್ನಡಿಗೆ ನಾನು ಕೊಟ್ಟ ಅಂಕ

ಹಳೆಯ ವೆಬ್‌ಕ್ಯಾಮ್ ಕೊಳ್ಳುವವರಿಗೆ ಒಂದು ಮಾತು. ಬೇಕಾದದ್ದನ್ನು ಮೊದಲು ಕೈಗೆತ್ತಿಕೊಳ್ಳಬೇಡಿ. ಪಕ್ಕದ್ದನ್ನು ಎತ್ತಿ, ಬೆಲೆ ಕೇಳಿ, ಮುಖ ಸಿಂಡರಿಸಿ, ಆಮೇಲೆ "ಹೋಗ್ಲಿ, ಅದೆಷ್ಟು?" ಎನ್ನಿ. ಬೆಂಗಳೂರಿನ ಎಸ್.ಪಿ. ರೋಡಿನ ಎಲೆಕ್ಟ್ರಾನಿಕ್ಸ್ ಅಂಗಡಿಯಲ್ಲಿ ನಾನು ಹಾಗೆ ತಂದ ವೆಬ್‌ಕ್ಯಾಮ್‌ನಿಂದಲೇ ನಮ್ಮ ಮನೆಯಲ್ಲಿ ಗುರುಗ್ರಹದ ಚಿತ್ರ ತೆಗೆಯುವ ಕೆಲಸ ಶುರುವಾದದ್ದು. ಎರಡು ಸಾವಿರದ ಹತ್ತರ ಆಚೀಚೆಯ ವರ್ಷಗಳು. ಲಗ್ಗೆರೆಯಲ್ಲಿ ನಮ್ಮದು ಎರಡನೇ ಮಹಡಿ. ಮೇಲೆ ಟೆರೇಸು, ನೀರಿನ ಟ್ಯಾಂಕು, ಅದರ ಪಕ್ಕದಲ್ಲಿ ಅಪ್ಪ ಕಟ್ಟಿದ ದೂರದರ್ಶಕ.

ಅಪ್ಪ ಪೀಣ್ಯದ ಒಂದು ಟೂಲ್‌ರೂಮಿನಲ್ಲಿ ಮೂವತ್ತು ವರ್ಷ ಗ್ರೈಂಡಿಂಗ್ ಮಷಿನ್ ಮೇಲೆ ಕೆಲಸ ಮಾಡಿದವನು. ಕೊನೆಯ ವರ್ಷ ಬಲಗೈ ನಡುಗತೊಡಗಿತು. ಎರಡು ಪೀಸು ರಿಜೆಕ್ಟ್ ಆದವು. ಮ್ಯಾನೇಜರು ಒಳ್ಳೆಯ ಮಾತಿನಲ್ಲೇ ಅವನನ್ನು ಸ್ಟೋರ್ಸಿಗೆ ಹಾಕಿದರು. ನಟ್ಟು ಬೋಲ್ಟು ಕೊಟ್ಟು ತೆಗೆದುಕೊಳ್ಳುತ್ತಾ ರಿಟೈರ್ ಆಗಿ ಮನೆಗೆ ಬಂದವನು, ಆರಿಂಚು ಅಗಲದ ದಪ್ಪ ಗಾಜು ತಂದು ಡ್ರಮ್ಮಿನ ಮೇಲಿಟ್ಟು, ಅದರ ಸುತ್ತ ಸುತ್ತುತ್ತಾ ಏಳು ತಿಂಗಳು ಉಜ್ಜಿ ದೂರದರ್ಶಕದ ಕನ್ನಡಿ ಮಾಡಿದ. ಗ್ರಹ ನೋಡುವ ಹುಚ್ಚು ಮೊದಲಿನಿಂದಲೂ ಇತ್ತು, ಇಲ್ಲವೆನ್ನಲಾರೆ. ಆದರೆ ಅವನಿಗೆ ಗೊತ್ತಾಗಬೇಕಿದ್ದದ್ದು ಬೇರೆ: ತನ್ನ ಕೈ ಇನ್ನೂ ಇದೆಯೋ, ಹೋಯಿತೋ.

ಅದನ್ನು ನೋಡಿ ತಿಳಿಯೋಣವೆಂದರೆ ಎರಡೂ ಕಣ್ಣಿಗೆ ಪೊರೆ ಬರುತ್ತಿತ್ತು.

"ಗುರು ಕಾಣ್ತಾನೆ ಕಣೇ, ಹಾಲಲ್ಲಿ ಅದ್ದಿದಂಗೆ ಕಾಣ್ತಾನೆ. ತಪ್ಪು ಕನ್ನಡೀದೋ ಕಣ್ಣಿಂದೋ ಗೊತ್ತಾಗಲ್ಲ" ಎಂದ.

"ಕ್ಯಾಮೆರಾ ಹಾಕೋಣ ಬಿಡಪ್ಪ, ಕಂಪ್ಯೂಟರ್ ಹೇಳುತ್ತೆ" ಎಂದೆ.

ನಾನು ಪಿಯುಸಿ ಮುಗಿಸಿ ಟೈಪಿಂಗ್ ಕೆಲಸಕ್ಕೆ ಸೇರಿ, ಪಕ್ಕದ ಟೇಬಲಿನವರನ್ನು ಕಾಡಿಬೇಡಿ ಪ್ರೋಗ್ರಾಮಿಂಗ್ ಕಲಿತವಳು. ಆಗ ಬಾಟಲಿ ಮುಚ್ಚಳಗಳನ್ನು ತಪಾಸಣೆ ಮಾಡುವ ಕ್ಯಾಮೆರಾಗಳಿಗೆ ಸಾಫ್ಟ್‌ವೇರ್ ಬರೆಯುತ್ತಿದ್ದೆ. ವೆಬ್‌ಕ್ಯಾಮ್‌ನ ಲೆನ್ಸು ತೆಗೆದು, ಆ ಜಾಗಕ್ಕೆ ಹಳೆಯ ಫಿಲ್ಮ್ ರೋಲಿನ ಡಬ್ಬಿಯನ್ನೇ ತಳ ಕತ್ತರಿಸಿ ಅಂಟಿಸಿದೆ. ನೀವೂ ಮಾಡಿ ನೋಡಿ, ದೂರದರ್ಶಕದ ಕೊಳವೆಯಲ್ಲಿ ಅದು ಹೇಳಿ ಮಾಡಿಸಿದಂತೆ ಕೂರುತ್ತದೆ. ಇನ್ನು ಸಾಫ್ಟ್‌ವೇರ್. ಮೇಲಿನ ಗಾಳಿ ಅಲುಗುವುದರಿಂದ ಗ್ರಹ ಹರಿಯುವ ನೀರಿನ ತಳದ ಕಲ್ಲಿನಂತೆ ಕದಡುತ್ತಿರುತ್ತದೆ. ಅದಕ್ಕೆ ಒಂದೆರಡು ನಿಮಿಷ ವಿಡಿಯೋ ಹಿಡಿದು, ಅದರ ಸಾವಿರಾರು ಚಿತ್ರಗಳಲ್ಲಿ ಗಾಳಿ ತಡೆದ ಕ್ಷಣದ ಕೆಲವನ್ನು ಆರಿಸಿ, ಒಂದರ ಮೇಲೊಂದು ಕೂರಿಸಬೇಕು. ಹಿಡಿಯುವ ಭಾಗವನ್ನು ಹೊಸದಾಗಿ ಬರೆದೆ. ಆರಿಸುವುದಕ್ಕೆ, ಚಿತ್ರದಲ್ಲಿ ಮುಚ್ಚಳದ ಅಂಚು ಚೂಪಾಗಿ, ಸ್ಪಷ್ಟವಾಗಿ ಬಂದಿದೆಯೇ ಎಂದು ಅಂಕ ಕೊಡುತ್ತಿದ್ದ ಲೆಕ್ಕಾಚಾರವನ್ನೇ ತಂದು ಹಾಕಿದೆ. ಇರುವುದನ್ನು ಬಿಟ್ಟು ಹೊಸದು ಮಾಡುವ ಜಾಯಮಾನ ನನ್ನದಲ್ಲ. ಮೊದಲ ಸಂಜೆ ಹಿಡಿದ ಮೇಲೆ, ಡಿಸ್ಕು ತುಂಬದಿರಲೆಂದು, ಕಡಿಮೆ ಅಂಕದ ಚಿತ್ರಗಳು ತಾವಾಗಿಯೇ ಅಳಿಸಿಹೋಗುವಂತೆಯೂ ಮಾಡಿದೆ.

ಚಳಿಗಾಲ. ಸಂಜೆ ಏಳಕ್ಕೆಲ್ಲ ಗುರು ಚೆನ್ನಾಗಿ ಮೇಲೆ ಬಂದಿರುತ್ತಿದ್ದ. ಎರಡು ವಾರ ಹಿಡಿದೆವು. ಪ್ರತಿ ಸಲವೂ ಬಂದದ್ದು ಮರಳು ಎರಚಿದ ಇಡ್ಲಿಯಂಥ ಬಿಳಿ ಗುಂಡು. ಗುರುವಿನ ಮೈಮೇಲೆ ಇರಬೇಕಾದ ಪಟ್ಟೆಗಳಲ್ಲಿ ಒಂದೂ ಇಲ್ಲ.

"ಕನ್ನಡೀನೇ ಸರಿ ಇಲ್ಲಪ್ಪ" ಎಂದೆ.

"ಕನ್ನಡಿಯಿಂದ ವಾಪಸ್ ಬರೋ ಲೈಟಿಗೆ ಬ್ಲೇಡ್ ಅಡ್ಡ ಹಿಡಿದು ನೋಡಿದ್ನಲ್ಲೇ, ಉಬ್ಬುತಗ್ಗು ಏನೂ ಇರ್ಲಿಲ್ಲ."

"ಪೊರೆ ಬಂದ ಕಣ್ಣಲ್ಲಿ ನೋಡಿದ್ದು ನೀನು. ಇದು ನಂಬರು. ರೆಡಿಮೇಡ್ ಕನ್ನಡಿ ಸಿಗುತ್ತೆ, ನಾನ್ ಮಾತಾಡಿ ಕಮ್ಮಿಗೆ ಕೊಡಿಸ್ತೀನಿ ಬಿಡು."

ಮುಂದಿನ ವಾರ ನಾನು ಆಫೀಸಿನಿಂದ ಬಂದಾಗ ಅಪ್ಪ, ಕನ್ನಡಿಯ ಮೇಲಿನ ಹೊಳಪಿನ ಲೇಪ ಕರಗಿಸಿ, ಮತ್ತೆ ಪುಡಿ ಹಾಕಿ ಉಜ್ಜುತ್ತಿದ್ದ. ಏಳು ತಿಂಗಳ ಗಾಜು ಮಂಜು ಕವಿದಂತೆ ಬೆಳ್ಳಗಾಗಿತ್ತು. ಎರಡು ದಿನ ಉಜ್ಜಿದ. ಮೂರನೆಯ ದಿನ ಅದರ ಮೇಲೆ ಗೋಣಿಚೀಲ ಹಾಕಿ ಕೆಳಗಿಳಿದು ಬಂದವನು ಮತ್ತೆ ಟೆರೇಸು ಹತ್ತಲಿಲ್ಲ. ಬಲ್ಬು ಬದಲಿಸುವುದಕ್ಕೂ "ನನ್ ಕೈಲಿ ಆಗಲ್ಲ, ನೀನೇ ಹಾಕು" ಎನ್ನಲಾರಂಭಿಸಿದ.

ಒಂದು ಭಾನುವಾರ ಬೆಳಗ್ಗೆ, ವೆಬ್‌ಕ್ಯಾಮ್ ಮಾರಿಬಿಡೋಣವೆಂದು ಹೊರತೆಗೆದೆ. ಮಾರುವ ಮುಂಚೆ ನಡೆಯುತ್ತದೆಯೇ ಎಂದು ನೋಡಬೇಕಲ್ಲ, ಕಂಪ್ಯೂಟರಿಗೆ ಸಿಕ್ಕಿಸಿದೆ. ಪರದೆ ಪೂರ್ತಿ ಕಪ್ಪು. ಅದಕ್ಕೆ ಅಂಟಿಸಿದ್ದ ಫಿಲ್ಮ್ ಡಬ್ಬಿಯ ಮುಚ್ಚಳ ತೆಗೆಯುವುದನ್ನೇ ಮರೆತಿದ್ದೆ. ಆದರೆ ನನ್ನ ಪ್ರೋಗ್ರಾಂ ಆ ಕತ್ತಲೆಗೆ ನೂರಕ್ಕೆ ತೊಂಬತ್ತರ ಮೇಲೆ ಅಂಕ ಕೊಡುತ್ತಾ ಕೂತಿತ್ತು.

ಆಗ ಹೊಳೆಯಿತು. ಫ್ಯಾಕ್ಟರಿಯಲ್ಲಿ ಮುಚ್ಚಳದ ಮೇಲೆ ಬೇಕಾದಷ್ಟು ಬೆಳಕಿರುತ್ತದೆ. ಬೆಳಕು ಕಡಿಮೆಯಾದರೆ ಕ್ಯಾಮೆರಾದ ಚಿತ್ರದಲ್ಲಿ ಮರಳಿನಂಥ ಕಾಳು ಏಳುತ್ತದೆ. ನನ್ನ ಲೆಕ್ಕಾಚಾರ ಆ ಕಾಳನ್ನೇ ಚೂಪು ಅಂದುಕೊಂಡಿತ್ತು. ಎರಡು ವಾರ ಅದು ಕಾಳು ತುಂಬಿದ ಚಿತ್ರಗಳನ್ನು ಆರಿಸಿಟ್ಟು, ಒಳ್ಳೆಯವನ್ನು ಅಳಿಸಿ ಹಾಕಿತ್ತು. ಮೂಲ ಚಿತ್ರಗಳನ್ನು ಅಳಿಸಬೇಡಿ ಎಂದು ಈಗ ಎಲ್ಲರಿಗೂ ಹೇಳುತ್ತಿರುತ್ತೇನೆ. ಡಿಸ್ಕು ಇನ್ನೊಂದು ಸಿಗುತ್ತದೆ.

ಮೊದಲ ಸಂಜೆಯ ವಿಡಿಯೋ ಮಾತ್ರ, ಅಳಿಸುವ ಭಾಗ ಬರೆಯುವ ಮುಂಚಿನದು, ಇಡಿಯಾಗಿ ಉಳಿದಿತ್ತು. ಕಾಳನ್ನು ಮೊದಲು ನಯಗೊಳಿಸಿ ಆಮೇಲೆ ಅಂಕ ಕೊಡುವಂತೆ ತಿದ್ದಿ, ಅದರ ಮೇಲೆ ಓಡಿಸಿದೆ. ಮಧ್ಯಾಹ್ನದ ಹೊತ್ತಿಗೆ ಗುರು ಬಂದ. ಎರಡು ಕಂದು ಪಟ್ಟೆ, ಒಂದರ ಅಂಚಿನಲ್ಲಿ ಸಣ್ಣ ಅಲೆ.

ಅಪ್ಪನನ್ನು ಕರೆದು ಕೂರಿಸಿ, ಪರದೆಯ ತುಂಬ ದೊಡ್ಡದು ಮಾಡಿ ತೋರಿಸಿದೆ. ಮೂಗು ತಾಗುವಷ್ಟು ಹತ್ತಿರ ಹೋಗಿ ನೋಡಿದ.

"ಯಾರ್ ತೆಗ್ದಿದ್ದು?"

"ನಾವೇ. ನಿನ್ನ ಕನ್ನಡೀಲಿ. ಮೊದಲನೇ ದಿನ. ಕನ್ನಡಿ ಸರಿ ಇತ್ತಪ್ಪ. ನನ್ನ ಪ್ರೋಗ್ರಾಂ ತಪ್ಪು ಹೇಳ್ತು. ನಾನು ಸುಮ್ನೆ ನಿನ್ ಕೈಲಿ ಅದನ್ನ ಹಾಳು ಮಾಡಿಸ್ದೆ."

ತಡೆಯಲಾಗದೆ ಇದನ್ನೂ ಕೇಳಿಬಿಟ್ಟೆ: "ಟೂಲ್‌ರೂಮಲ್ಲಿ ಅಳತೆ ತಗೊಳ್ಳೋಕ್ ಮುಂಚೆ ಗೇಜನ್ನೇ ಚೆಕ್ ಮಾಡ್ತಿದ್ದೆ ಅಂತ ಹೇಳ್ತಿರ್ತೀಯಲ್ಲ. ನನ್ ಪ್ರೋಗ್ರಾಂನ ಯಾಕೆ ಚೆಕ್ ಮಾಡ್ಲಿಲ್ಲ?"

"ನೀನ್ ಮಾಡಿದ್ದಲ್ವೇನೇ" ಎಂದ, ಅದಕ್ಕಿಂತ ಬೇರೆ ಕಾರಣ ಬೇಕೇ ಎನ್ನುವಂತೆ.

ಆಮೇಲೆ ಅಡುಗೆಮನೆಯ ಕಡೆ ತಿರುಗಿ ಅಮ್ಮನನ್ನು ಕೂಗಿದ. "ಏಯ್, ಬಾರೇ ಇಲ್ಲಿ! ನನ್ ಕೈ ಕೆಟ್ಟಿರ್ಲಿಲ್ವಂತೆ!"

"ಬಾಯಿ ಕೆಟ್ಟಿಲ್ಲ ಅಂತ ಮೊದ್ಲೇ ಗೊತ್ತಿತ್ತು" ಎಂದಳು ಅಮ್ಮ ಒಳಗಿಂದಲೇ. "ಕೈ ಸರಿ ಇದ್ರೆ ಬಂದು ತೆಂಗಿನಕಾಯಿ ತುರ್ಕೊಡ್ರೀ."

ಹೋದ. ಈಳಿಗೆಮಣೆ ಹಾಕಿಕೊಂಡು ಕೂತು ತುರಿದ. ಕೈ ನಡುಗುತ್ತಲೇ ಇತ್ತು, ತುರಿ ತಟ್ಟೆಯಾಚೆಗೂ ಉದುರಿತು. ಅಮ್ಮ ಅದನ್ನು ಬೆರಳಲ್ಲಿ ಒತ್ತಿ ಎತ್ತಿಕೊಂಡಳು. ನಾನು ಬಾಗಿಲಿಗೆ ಒರಗಿ ನಿಂತಿದ್ದೆ.

"ಗಾಜೇನೂ ಹಾಳಾಗಿಲ್ಲ" ಎಂದ ಅಪ್ಪ ತಲೆಯೆತ್ತದೆ. "ಎರಡೇ ದಿನ ಅಲ್ವಾ ಉಜ್ಜಿದ್ದು? ಪಾಲಿಶಿಗೆ ಮೂರು ತಿಂಗಳು ಹಿಡಿಯುತ್ತೆ, ಅಷ್ಟೇ. ಈ ಸಲ ನೀನೂ ಒಂದ್ ಕೈ ಹಾಕು."