ಕುಡುಗೋಲು ಅದ್ದಿದ ಹಾಲು

ಎರಡು ಸಾವಿರ ಇಸವಿ ಹುಟ್ಟುವ ದಿನ ಪ್ರಪಂಚ ಮುಳುಗಿಹೋಗುತ್ತದೆ ಎಂದು ತಮಿಳು ಸೀಮೆಯ ನಮ್ಮ ಹನುಮಂತನಪಟ್ಟಿಯ ಜನ ಹೆದರಿಕೊಂಡಿದ್ದ ಕಾಲ ಅದು. ಮುಳುಗಲಿಲ್ಲ. ಅದಕ್ಕೆ ಒಂದೆರಡು ವರ್ಷ ಮೊದಲು ನಮ್ಮ ಮನೆಗೆ ಟೀವಿ ಬಂತು. ನನ್ನ ಮೊಮ್ಮಗಳು ಈಶ್ವರಿ ಆಗ ಎರಡನೇ ಕ್ಲಾಸು. ಇದು ಅವಳ ಬಾಲ್ಯದ ಮಾತು. ಅವಳಿಗೇ ನೆನಪಿಲ್ಲವಂತೆ, ಅದಕ್ಕೆ ನಾನು ಬರೆಯುತ್ತಿದ್ದೇನೆ. ನನ್ನ ಬಾಲ್ಯದಲ್ಲಿ ಬರೆಯುವಂಥದ್ದೇನೂ ಇರಲಿಲ್ಲ. ಮೂರನೇ ಕ್ಲಾಸಿಗೆ ಬಿಡಿಸಿ ಕಳೆ ಕೀಳಲು ಕಳಿಸಿದರು, ಅಷ್ಟೇ.

ಟೀವಿ ಬರುವ ಮುಂಚೆ ನಮ್ಮ ಬೀದಿಯ ಮಕ್ಕಳಿಗೆ ಸಂಜೆ ಅಂದರೆ ಕೈತುತ್ತು. ಹೊತ್ತು ಇಳಿಯುವಾಗ ನಾನು ದೊಡ್ಡ ಪಾತ್ರೆಯಲ್ಲಿ ಬಿಸಿ ಅನ್ನ, ಅವರೆಕಾಳಿನ ಸಾರು, ಮೇಲೆ ಎಳ್ಳೆಣ್ಣೆ ಹಾಕಿ ಕಲಸಿ ಜಗುಲಿಯ ಮೇಲೆ ಕೂರುತ್ತಿದ್ದೆ. ಏಳೆಂಟು ಮಕ್ಕಳು ಸುತ್ತ ಕೂತು ಕೈ ಚಾಚುತ್ತಿದ್ದವು. ಯಾರ ಮನೆಯ ಮಗು ಎಂದು ನೋಡಿ ಕೊಟ್ಟವಳಲ್ಲ. ಪಾತ್ರೆ ಬಳಿದ ಕೊನೆಯ ತುತ್ತು ಯಾರಿಗೆ ಬರುತ್ತದೋ ಆ ಮಗು ಮಾರನೇ ದಿನದ ಕಣ್ಣಾಮುಚ್ಚಾಲೆಯಲ್ಲಿ ಕಣ್ಣು ಮುಚ್ಚಿಕೊಳ್ಳಬೇಕಿಲ್ಲ. ಅದಕ್ಕಾಗಿ ಒದ್ದಾಡುತ್ತಿದ್ದವು. ಈಶ್ವರಿ ಕಚ್ಚುತ್ತಲೂ ಇದ್ದಳು.

ಟೀವಿ ತಂದವನು ನನ್ನ ಮಗ ಮುರುಗೇಶ. ಕೇಬಲ್‌ನವನು ಕಂಬ ನೆಡುವ ಗೋಜಿಗೆ ಹೋಗದೆ ನಮ್ಮ ದ್ರಾಕ್ಷಿ ಚಪ್ಪರದ ಕಲ್ಲುಕಂಬಗಳ ಮೇಲೇ ತಂತಿ ಎಳೆದ. ನಮ್ಮ ಮನೆಗೂ ಅದೇ ತಂತಿ, ನಮ್ಮ ಬೀದಿಗೂ ಅದೇ.

"ಬರೀ ಪೆಟ್ಟಿ ಅಮ್ಮ. ಅದು ಏನ್ ಮಾಡ್ತದೆ?" ಎಂದ ಮುರುಗೇಶ.

"ಏನೂ ಮಾಡ್ದೇ ಇರೋದುಕ್ಕಾ ಹೊತ್ಕೊಂಡ್ ಬಂದೆ?" ಎಂದೆ.

ಕೇಳದೆ ಒಳಗೆ ಬಂದು ಬಿಡದೆ ಮಾತಾಡುವವರನ್ನು ನಾನು ನಂಬುವುದಿಲ್ಲ. ಬಳೆ ಮಾರುವವಳು ಕೂಡ ಮೊದಲು ಅಕ್ಕಾ ಎಂದು ಕೂಗಿ ಬಾಗಿಲ ಹೊರಗೆ ನಿಲ್ಲುತ್ತಾಳೆ. ಇದು ನಡುಮನೆಯಲ್ಲಿ ಕೂತು ನಿಮ್ಮ ಹಲ್ಲು ಸರಿಯಿಲ್ಲ, ನಿಮ್ಮ ಬಟ್ಟೆ ಬೆಳ್ಳಗಿಲ್ಲ, ನಿಮ್ಮ ಮಗಳು ಕಪ್ಪು ಎಂದು ಹೇಳುತ್ತಿತ್ತು. ಎದುರಿಗೆ ಕೂತವರು ತಲೆ ಆಡಿಸುತ್ತಿದ್ದರು. ನಾವು ಮನೆಯಲ್ಲಿ ಆಡುವ ಕನ್ನಡ ಒಂದು ಮಾತೂ ಅದಕ್ಕೆ ಗೊತ್ತಿರಲಿಲ್ಲ, ಪೂರ್ತಿ ತಮಿಳು. ಆದರೂ ಮನೆಯವರಿಗಿಂತ ಹೆಚ್ಚು ಅದರ ಮಾತನ್ನೇ ಕೇಳುತ್ತಿದ್ದರು.

ಸಂಜೆ ಒಂದು ನಾಟಕ ಬರುತ್ತಿತ್ತು. ಸೀರಿಯಲ್ ಅಂತ ನಮ್ಮ ಕಡೆ ಯಾರು ಹೇಳುತ್ತಿದ್ದರು, ನಾಟಕ ಅಂತಲೇ. ಅದರಲ್ಲಿ ದೊಡ್ಡ ಬೊಟ್ಟಿನ ಒಬ್ಬ ಮುದುಕಿ. ಆಸ್ತಿಗೋಸ್ಕರ ಸ್ವಂತ ಮೊಮ್ಮಗನ ಹಾಲಿಗೆ ದಿನಾ ಒಂದು ಪುಡಿ ಬೆರೆಸುತ್ತಿದ್ದಳು. ಬೆರೆಸುವಾಗ ಕ್ಯಾಮೆರಾ ಅವಳ ಕೈಯನ್ನೇ ತೋರಿಸುತ್ತಿತ್ತು. ಮಕ್ಕಳು ಕೈತುತ್ತಿಗೆ ಕೈ ಚಾಚುವುದನ್ನು ಬಿಟ್ಟು, ಟೀವಿ ಕಡೆ ಮುಖ ಮಾಡಿ ಬಾಯಿ ತೆರೆದು ಕೂರುತ್ತಿದ್ದವು. ನಾನೇ ಬಾಯಿಗೆ ಇಡಬೇಕು. ಕೊನೆಯ ತುತ್ತು ಯಾರಿಗೆ ಬಂತೆಂದು ಕೇಳುವವರೇ ಇಲ್ಲ.

ಪಕ್ಕದ ಮನೆಯ ಪೊನ್ನುತ್ತಾಯಿ ಒಂದು ದಿನ, "ಅಕ್ಕಾ, ಆ ಮುದುಕಿ ಮೊಗ ಸೊಲ್ಪ ನಿನ್ನಂಗೇ ಐತೆ," ಎಂದಳು. ನನ್ನ ಸೊಸೆ ಸರಸು ನಕ್ಕಳು. ನಾನೂ ನಕ್ಕೆ. ಈಶ್ವರಿ ನಗಲಿಲ್ಲ. ಟೀವಿ ನೋಡಿದಳು, ತಿರುಗಿ ನನ್ನನ್ನು ನೋಡಿದಳು.

ಆ ತಿಂಗಳು ಮಳೆ ಹೆಚ್ಚಾಗಿ ದ್ರಾಕ್ಷಿ ಎಲೆಗೆ ಬೂಷ್ಟು ಬಂದಿತ್ತು. ನೀಲಿ ಬಣ್ಣದ ಮೈಲುತುತ್ತವನ್ನು ಒಂದು ಮಡಕೆಯಲ್ಲಿ, ಸುಣ್ಣವನ್ನು ಇನ್ನೊಂದು ಮಡಕೆಯಲ್ಲಿ ಕರಗಿಸಿ ಎರಡನ್ನೂ ಬೆರೆಸಿ ಬಳ್ಳಿಗೆ ಹೊಡೆಯಬೇಕು. ಬೆರೆಸುವುದು ನನ್ನ ಕೆಲಸ. ಸುಣ್ಣ ಕಡಿಮೆಯಾದರೆ ಎಲೆ ಸುಡುತ್ತದೆ. ಅದಕ್ಕೆ ಉಜ್ಜಿ ಬೆಳಗಿದ ಕುಡುಗೋಲನ್ನು ಅದ್ದಿ ನೋಡುತ್ತೇವೆ. ಕಬ್ಬಿಣದ ಮೇಲೆ ಕೆಂಪು ಬಣ್ಣ ಕೂತರೆ ವಿಷ ಇನ್ನೂ ಇದೆ ಎಂದು ಅರ್ಥ. ಈಶ್ವರಿ ಪಕ್ಕದಲ್ಲಿ ಕುಕ್ಕರುಗಾಲಲ್ಲಿ ಕೂತು ಇದನ್ನೆಲ್ಲ ನೋಡುತ್ತಿದ್ದಳು. ನನ್ನ ಉಗುರು, ಬೆರಳ ಸಂದು ಆ ತಿಂಗಳೆಲ್ಲ ನೀಲಿ. ಎಷ್ಟು ತಿಕ್ಕಿದರೂ ಹೋಗದು.

ಅಷ್ಟರಲ್ಲಿ ಅವಳಿಗೆ ಜ್ವರ ಬಂತು. ಮುರುಗೇಶ ಹಣ್ಣಿನ ಲಾರಿಯೊಂದಿಗೆ ದಿಂಡಿಗಲ್ಲಿಗೆ ಹೋಗಿದ್ದ. ಸರಸು ತಮ್ಮನ ಹೆಂಡತಿಯ ಸೀಮಂತಕ್ಕೆಂದು ಹಿಂದಿನ ದಿನವೇ ಆಂಡಿಪಟ್ಟಿಗೆ ಹೋಗಿದ್ದಳು. ಮನೆಯಲ್ಲಿ ನಾನು, ಮಗು. ಬೆಳಿಗ್ಗೆ ಎದ್ದಾಗ ಮೈ ಕೆಂಡ. ಹಾಲಿಗೆ ಮೆಣಸು, ಅರಿಶಿನ, ತಾಳೆ ಕಲ್ಲುಸಕ್ಕರೆ ಹಾಕಿ ಕಾಯಿಸಿ ತಂದೆ.

"ಕುಡಿ ಪುಳ್ಳೆ, ಕುಡಿ ಮಗಾ."

"ಕೈ ತೋರ್ಸು."

ತೋರಿಸಿದೆ. ನೀಲಿ ಬೆರಳನ್ನು ನೋಡಿ ಬಾಯಿ ಬಿಗಿಹಿಡಿದಳು. ನಾನು ತಲೆಗೆ ಒದ್ದೆಬಟ್ಟೆ ತರಲು ಹಿತ್ತಲಿಗೆ ಹೋದೆ. ಬಂದು ನೋಡಿದರೆ ಮಗು ಹಾಸಿಗೆಯಿಂದ ಎದ್ದು, ಮೂಲೆಯಲ್ಲಿದ್ದ ಕುಡುಗೋಲು ತಂದು, ಅದರ ತುದಿಯನ್ನು ಹಾಲಿಗೆ ಅದ್ದಿ ಬೆಳಕಿಗೆ ಹಿಡಿದಿದ್ದಳು. ಅರಿಶಿನ ಕುಡುಗೋಲಿಗೆ ಹತ್ತಿತ್ತು.

"ಬಣ್ಣ ಬಂತು," ಎಂದಳು.

"ಅರಿಶಿನ ಕಣೇ ಅದು."

"ಬಣ್ಣ ಬಂದ್ರೆ ವಿಷ ಅಂತ ನೀನೇ ಹೇಳ್ದೆ."

ಒಂದು ಏಟು ಕೊಟ್ಟೆ. ಸುಳ್ಳು ಯಾಕೆ ಹೇಳಲಿ, ಕೊಟ್ಟೆ. ಆಮೇಲೆ ಅವಳ ಎದುರಿಗೇ ಆ ಲೋಟದ ಹಾಲನ್ನೆಲ್ಲ ನಾನೇ ಕುಡಿದೆ. ಬೇರೆ ಕಾಯಿಸಿ ತಂದೆ. ಅವಳು ಅದನ್ನು ಮುಟ್ಟಲಿಲ್ಲ, ನಾನು ಬೀಳುತ್ತೇನೆಯೇ ಎಂದು ನೋಡುತ್ತ ಕೂತಳು. "ನಾಟಕದಾಗೂ ಆ ಮುದ್ಕಿ ಕುಡ್ದು ತೋರ್ಸುದ್ಲು. ಪುಡಿ ಆಮ್ಯಾಲೆ ಹಾಕುದ್ಲು," ಎಂದಳು.

ಪೊನ್ನುತ್ತಾಯಿಯನ್ನು ಕರೆದೆ. ಅವಳು ನೀರು ಹಿಡಿದರೂ ಮಗು ಕುಡಿಯಲಿಲ್ಲ. ಮಡಕೆಯ ನೀರೂ ನಾನು ತಂದದ್ದೇ ಅಲ್ಲವೇ. ಮಧ್ಯಾಹ್ನದ ಹೊತ್ತಿಗೆ ತುಟಿ ಒಡೆದಿತ್ತು. ಏನೇನೋ ಬಡಬಡಿಸಲು ಶುರು ಮಾಡಿದಳು. ಅದೂ ತಮಿಳಲ್ಲಿ, ನಾಟಕದವರ ಹಾಗೆ. ಅವಳನ್ನು ಹೆಗಲಿಗೆ ಹಾಕಿಕೊಂಡು ರಸ್ತೆಗೆ ಬಂದೆ. ಅಷ್ಟರಲ್ಲಿ ಸರಸು ಬಸ್ಸಿಳಿದಳು. ಇಬ್ಬರೂ ಆಸ್ಪತ್ರೆಗೆ ಓಡಿದೆವು.

ಗ್ಲೂಕೋಸ್ ಬಾಟಲಿ ಹಾಕಿದರು. ಬೆಳಗಿನಿಂದ ಒಂದು ಗುಟುಕು ನೀರೂ ಇಲ್ಲವೇ ಎಂದು ಡಾಕ್ಟರಮ್ಮ ನನ್ನನ್ನು ಬೈದಳು. ಈಶ್ವರಿ ಅಮ್ಮನ ಕಿವಿಯಲ್ಲಿ ಏನೋ ಹೇಳಿದಳು. ಸರಸು ತಲೆ ಎತ್ತಿ ಮೊದಲು ನೋಡಿದ್ದು ನನ್ನ ಮುಖವನ್ನಲ್ಲ, ನನ್ನ ಕೈಯನ್ನು.

"ಅತ್ತೆ, ಕೈ ತೊಳ್ದು ತಾನೇ ಹಾಲು ಕಾಯ್ಸಿದ್ದು?"

ಅದು ಬರೀ ಕೈ ತೊಳೆದ ವಿಚಾರವೇ ಇರಬಹುದು. ಮೈಲುತುತ್ತ ಹೊಟ್ಟೆಗೆ ಹೋಗಬಾರದು, ತಾಯಿ ಕೇಳಬೇಕಾದ್ದೇ. ಆದರೆ ಹತ್ತು ವರ್ಷ ನನ್ನ ಅಡುಗೆ ಉಂಡವಳು ಅದಕ್ಕೆ ಮುಂಚೆ ಯಾವತ್ತೂ ಕೇಳಿರಲಿಲ್ಲ. ಸರಸು ಒಳ್ಳೆಯವಳು. ನನ್ನನ್ನು ಇವತ್ತಿಗೂ ಚೆನ್ನಾಗಿ ನೋಡಿಕೊಳ್ಳುತ್ತಾಳೆ. ಆ ಪ್ರಶ್ನೆಯನ್ನು ಮಾತ್ರ ನಾನು ಇನ್ನೂ ಹೊರಳಿಸಿ ಹೊರಳಿಸಿ ನೋಡುತ್ತೇನೆ.

ಮಗು ಹುಷಾರಾಗಿ ಮನೆಗೆ ಬಂದ ವಾರ ಬಳ್ಳಿ ಕತ್ತರಿಸುವ ಕೆಲಸ ಬಂತು. ಚಪ್ಪರದ ಕೆಳಗೆ ನಿಂತು ಕತ್ತರಿಸುತ್ತ ಹೋದೆ. ಕಪ್ಪು ತಂತಿ ಕೈಗೆ ಬಂತು. ಅದನ್ನೂ ಕತ್ತರಿಸಿದೆ.

"ಕತ್ತರಿಗೆ ಕಣ್ ಇಲ್ವಾ ಅಕ್ಕಾ?" ಎಂದಳು ಪೊನ್ನುತ್ತಾಯಿ.

"ಇಲ್ಲ, ನಂಗೇ ಇಲ್ಲ, ವಯಸ್ಸಾಯ್ತು," ಎಂದೆ. ಆಗ ನನಗೆ ಐವತ್ತೆರಡು.

ಮೂರು ದಿನ ಬೀದಿಯಲ್ಲಿ ಟೀವಿ ಇಲ್ಲ. ಮೊದಲ ಸಂಜೆ ಮಕ್ಕಳು ಸುಮ್ಮನೆ ಅಲೆದವು. ಎರಡನೇ ಸಂಜೆ ಒಂದೊಂದಾಗಿ ಜಗುಲಿಗೆ ಬಂದು ಕೈ ಚಾಚಿದವು. ಮೂರನೇ ಸಂಜೆ ಈಶ್ವರಿಯೂ ಬಂದಳು. ತುತ್ತು ಇಡಲು ಹೋದರೆ ಕೈ ಹಿಂದಕ್ಕೆ ಎಳೆದುಕೊಂಡಳು.

"ಮೊದ್ಲು ನೀ ತಿನ್ನು ಅಜ್ಜಿ."

ತಿಂದೆ. ಅವಳು ಕಾದಳು. ಆಮೇಲೆ ಕೈ ಚಾಚಿದಳು. ಕೊನೆಯ ತುತ್ತೂ ಅವಳಿಗೇ ಬಂತು, ನಾನೇ ಬರುವ ಹಾಗೆ ಮಾಡಿದೆ. ನಾಲ್ಕನೇ ದಿನ ಕೇಬಲ್‌ನವನು ಬಂದು ತಂತಿ ಕೂಡಿಸಿದ. ಆಮೇಲೆ ಆ ಪಾತ್ರೆ ತುಂಬ ಅನ್ನ ಕಲಸಿದ ನೆನಪು ನನಗಿಲ್ಲ.

ಈಗ ಈಶ್ವರಿಗೂ ಮಗುವಿದೆ. ಫೋನು ಎದುರಿಗೆ ಇಟ್ಟರೆ ಮಾತ್ರ ಅದು ಬಾಯಿ ತೆರೆಯುತ್ತದೆ. ಯಾರ ಕೈ ತನಗೆ ಉಣಿಸುತ್ತಿದೆ ಎಂದು ನೋಡುವುದೂ ಇಲ್ಲ. ಕುಡುಗೋಲಿನ ಕತೆ ಹೇಳಿದರೆ ಈಶ್ವರಿ ನಗುತ್ತಾಳೆ. "ಪೋ ಅಜ್ಜಿ, ನಾ ಎಲ್ಲಿ ಹಂಗ್ ಮಾಡ್ದೆ," ಎನ್ನುತ್ತಾಳೆ.

ಅವಳು ಬಂದಾಗ ಕಾಫಿ ನಾನೇ ಮಾಡುತ್ತೇನೆ. ಎರಡು ಲೋಟ ತಂದು ನಡುವೆ ಇಡುತ್ತೇನೆ. ಅವಳು ಏನೋ ಮಾತಾಡುತ್ತಿರುತ್ತಾಳೆ, ಲೋಟ ಮುಟ್ಟುವುದಿಲ್ಲ. ನಾನು ಒಂದು ಗುಟುಕು ಕುಡಿಯುತ್ತೇನೆ. ಆಮೇಲೆ ಅವಳು ತನ್ನ ಲೋಟ ಎತ್ತಿಕೊಳ್ಳುತ್ತಾಳೆ.