ಬೆಂಕಿ ಆರಿದ ಮೇಲಿನ ನಾಲ್ಕು ನಿಮಿಷ

ಅಪ್ಪನ ಜೊತೆ ಕೂತು ನೋಡಿದರೆ ನಾಲ್ಕು ನಿಮಿಷದ ಸಿನೆಮಾಕ್ಕೂ ಇಡೀ ಮಧ್ಯಾಹ್ನ ಬೇಕು ಎಂಬುದು ನನಗೆ ಮೊದಲೇ ಹೊಳೆಯಬೇಕಿತ್ತು. ಕಾರವಾರದಲ್ಲಿ ನಾನು ಪಾಠ ಮಾಡುವ ಕಾಲೇಜಿನಲ್ಲಿ ಒಂದು ಮೂಕಿ ಚಿತ್ರ ತೋರಿಸುವುದಿತ್ತು. ನೂರು ವರ್ಷಕ್ಕೂ ಹಿಂದೆ ಯಾವುದೋ ಪರದೇಶದ ಪೇಟೆ ಸುಟ್ಟುಹೋದ ಮರುದಿನ ಯಾರೋ ತೆಗೆದದ್ದು. ಪರದೆಯ ಪಕ್ಕ ನಿಂತು ವಿವರಿಸುವ ಕೆಲಸ ನನ್ನ ಕುತ್ತಿಗೆಗೆ ಬಿದ್ದಿತ್ತು. ಅಪ್ಪ ಅಗ್ನಿಶಾಮಕ ದಳದಲ್ಲಿದ್ದು ನಿವೃತ್ತನಾದವನು, ಎರಡು ಮಾತು ಹೇಳಿಯಾನು ಎಂದು ಲ್ಯಾಪ್‌ಟಾಪ್ ಮುಂದೆ ಕೂರಿಸಿದೆ.

ಎರಡೇ ಮಾತೆಲ್ಲಿ ಬಂತು. ಪೈಪು ಎಳೆದದ್ದು ಸರಿಯಿಲ್ಲ, ಜನರನ್ನು ಅಷ್ಟು ಹತ್ತಿರ ಬಿಟ್ಟದ್ದು ಸರಿಯಿಲ್ಲ, ಟೊಪ್ಪಿಯ ಸಾಹೇಬ ನಿಂತ ಜಾಗವೇ ಸರಿಯಿಲ್ಲ. ಎಂದೋ ಸತ್ತವರಿಗೆಲ್ಲ ಬೈಗುಳ. ನಾನು ಪೆನ್ನು ಹಿಡಿದು ಕೂತದ್ದೇ ಬಂತು.

ಕೊನೆಯಲ್ಲಿ ಒಬ್ಬ ಮನುಷ್ಯ, ಕಟ್ಟಡದ ಮಾಡು ಬಿದ್ದು ಒಂಟಿಯಾಗಿ ಉಳಿದ ಗೋಡೆಯ ಕೆಳಗೆ ಹೋಗಿ ಬೂದಿ ಕೆದಕುತ್ತಾನೆ. ಅಲ್ಲಿಗೆ ರೀಲು ಮುಗಿಯುತ್ತದೆ.

“ಅಂವ ಹೊರಗೆ ಬಂದ್ನಾ ಇಲ್ವಾ?”

“ಇರೂದೇ ಅಷ್ಟು, ಅಪ್ಪಾ.”

“ಉಳಿದದ್ದು ಎಲ್ಲೋ ಇರ್ಬೇಕು. ಸಮಾ ಹುಡುಕು ಮಗಾ.”

ಮರುದಿನ ಚಹಾಕ್ಕೂ ಅದೇ ಪ್ರಶ್ನೆ. ಬಾಳೆಗುಳಿಯ ಅಕ್ಕನ ಮನೆಗೆ ಹೊರಟರೆ, ಪಕ್ಕದ ಬಿಣಗಾ ದಾಟುವಷ್ಟರಲ್ಲಿ ಅಪ್ಪ ಬಸ್ಸಿನ ಅರ್ಧ ಜನಕ್ಕೆ ಆ ಮನುಷ್ಯನ ಚಿಂತೆ ಹತ್ತಿಸಿದ್ದ. ಮೂರನೆಯ ದಿನ ನಾನು ರೇಗಿಬಿಟ್ಟೆ.

“ಅವತ್ತು ಬದುಕಿದ್ರೂ ಈಗ ಸತ್ತಿರ್ತಾನೆ. ಬಿಟ್ಬಿಡು ಸಾಕು.”

ಅಪ್ಪ ಲೋಟ ಕೆಳಗಿಟ್ಟ. ಬೆಂಕಿ ಆರಿಸಲು ನಾವು ಹೊಡೆದ ನೀರನ್ನು ಕುಡಿದು ಚಿರೆಕಲ್ಲುಗಳ ನಡುವಿನ ಮಣ್ಣು ಸಡಿಲಾಗುತ್ತದೆ, ಗೋಡೆ ಮಾತ್ರ ಗಟ್ಟಿಯಾಗಿಯೇ ಕಾಣುತ್ತದೆ ಎಂದು ಹೇಳತೊಡಗಿದ. ಮತ್ತೆ ಪಾಠ ಶುರುವಾಯಿತು ಎಂದು ನಾನು ಎದ್ದೆ.

“ಅಂಕೋಲೆಲಿ ಒಂದು ಅಂಗಡಿ ಸುಟ್ಟಿತ್ತು,” ಅಂದ. “ನೀ ಸಣ್ಣಕಿದ್ದೆ. ಬೆಂಕಿ ಪೂರಾ ಆರಿತ್ತು. ಅಂಗಡಿಯವ ತಕ್ಕಡಿ ತಕಂಡು ಬರ್ತೆ ಅಂದ. ನಾನೇ ಹೋಗು ಅಂದೆ. ಅಂವ ಒಳಗೆ ಹೋದ, ಗೋಡೆ ಬಿತ್ತು.”

ಇಷ್ಟು ವರ್ಷ ಇದನ್ನು ನಮಗ್ಯಾರಿಗೂ ಹೇಳಿರಲಿಲ್ಲ. ನಾನಾಡಿದ ಮಾತಿಗೆ ನನಗೇ ನಾಚಿಕೆಯಾಯಿತು.

ಪ್ರದರ್ಶನದ ದಿನ ಅಪ್ಪ ಮೊದಲ ಸಾಲಿನಲ್ಲಿ ಕೂತಿದ್ದ. ಕೊನೆಯ ದೃಶ್ಯ ಬಂದಾಗ ನಾನು ಅವನತ್ತ ನೋಡದೆ, “ಈ ಮನುಷ್ಯ ಆಮೇಲೆ ಸುರಕ್ಷಿತವಾಗಿ ಹೊರಬಂದ,” ಎಂದೆ.

ಅಪ್ಪ ಎದ್ದು ನಿಂತ. ಇಡೀ ಸಭೆ ತಿರುಗಿ ನೋಡಿತು. ಸಿಟ್ಟೂ ಅಳುವೂ ಒಟ್ಟಿಗೇ ಬಂತು ನನಗೆ.

“ನಿಂಗೆ ಗೊತ್ತಿಲ್ಲ ಮಗಾ. ಗೊತ್ತಿಲ್ಲ ಅಂತ್ಲೇ ಹೇಳು.”

ನಾನು ಮೈಕಿನಲ್ಲಿ, ಗೊತ್ತಿಲ್ಲ ಎಂದೆ.